ಅಕ್ಕನ ಮರುಮೌಲ್ಯಮಾಪನ

ಮಾಗಿಯ ಚಳಿ ಇನ್ನೂ ಬಿಟ್ಟಿರಲಿಲ್ಲ. ಕೋರ್ಟಿನ ಬಾಗಿಲು ತೆರೆಯುವ ಮೊದಲೇ ನಾನೂ ನಮ್ಮಕ್ಕ ನೀಲಾಂಬಿಕಾಳೂ ಜಗಲಿಯಲ್ಲಿ ಕೂತಿದ್ದೆವು. ಫಲಿತಾಂಶ ಕೈಗೆ ಬರುವ ತನಕ ವಿದ್ಯಾರ್ಥಿಗಳಿಗೆ ವಯಸ್ಸಾಗುವುದಿಲ್ಲ. ಅಕ್ಕನ ಉತ್ತರಪತ್ರಿಕೆಯ ಮರುಮೌಲ್ಯಮಾಪನದ ದಾವೆ ಇನ್ನೂ ಮುಗಿದಿಲ್ಲ, ಅವಳು ಇಪ್ಪತ್ತರಲ್ಲೇ ನಿಂತಿದ್ದಾಳೆ. ನಾಲ್ಕನೆಯ ಇಯತ್ತೆಗೇ ಶಾಲೆ ಬಿಟ್ಟ ನನ್ನ ತಲೆ ಮಾತ್ರ ಬೆಳ್ಳಗಾಗಿದೆ.

"ಮೊಮ್ಮಗಳೇನ್ರಿ ಯಜಮಾನ್ರ?" ಎಂದು ಕೋರ್ಟಿನ ಜವಾನ ಕೇಳಿದ.

ನಾನು ಬಾಯಿ ತೆರೆಯುವುದರೊಳಗೆ ಅಕ್ಕ ತಲೆ ತಗ್ಗಿಸಿ, "ಹೌದ್ರಿ, ನಮ್ಮ ಅಜ್ಜಾರು" ಅಂದಳು. ನನ್ನನ್ನು ಸೊಂಟದ ಮೇಲೆ ಹೊತ್ತು ಆಡಿಸಿದವಳು ಅವಳು.

"ರಿಸಲ್ಟ್ ಏನ್ ಕಾಯ್ತೀರಿ, ಲಗ್ನಾ ಮಾಡಿಬಿಡ್ರಿ" ಎಂದು ಜವಾನ ಅವಳ ಕೈಯಲ್ಲಿದ್ದ ಕೇಸಿನ ಕಾಗದ ನೋಡಿ ನಕ್ಕ.

ಒಳಗೆ ವಿಶ್ವವಿದ್ಯಾಲಯದ ವಕೀಲರು ಮತ್ತೆ ಸಮಯ ಕೇಳಿದರು. ಬೇಸಿಗೆ ರಜೆ ಕಳೆದ ಮೇಲೆ ಎಂದು ತಾರೀಖು ಬಿತ್ತು.

ಹೊರಗೆ ಬಂದಾಗ ಅದೇ ಜವಾನ ನೋಡುತ್ತಿದ್ದ. ಅಕ್ಕ ಬಗ್ಗಿ ನನ್ನ ಕಾಲು ಮುಟ್ಟಿದಳು. ನಾನು ಕಾಲು ಹಿಂದಕ್ಕೆಳೆದುಕೊಂಡೆ.

"ಸುಮ್ನಿರೋ ತಮ್ಮಾ, ಮಂದಿ ನೋಡಾಕತ್ತಾರ" ಎಂದು ಪಿಸುಗುಟ್ಟಿದಳು. "ಮುಂದಿನ ತಾರೀಖಿಗೆ ನೀ ಇರಬೇಕು ನೋಡು."

ಅವಳ ಮುಖ ನೋಡಲು ನನಗಾಗಲಿಲ್ಲ. ಅಂದು ಸಂಜೆಯೇ ಅಕ್ಕ ಮತ್ತೆ ಹುಡುಗಿಯರ ಹಾಸ್ಟೆಲ್ಲಿಗೆ ಹೊರಟುಹೋದಳು.