ಮೂರೇ ಸ್ವರ

“ಹುಡುಗೆ ಅಲ್ಲಮ್ಮ, ಹುಡುಗಿ!” ಎಂದು ರೆಕಾರ್ಡಿಂಗ್ ಕೋಣೆಯ ಗಾಜಿನಾಚೆಯಿಂದ ವಿರೂಪಣ್ಣ ನಕ್ಕಾಗ ಅನುರಾಧಾಳ ಕಿವಿ ಬಿಸಿಯಾದವು. ತಪ್ಪು ಅವಳದೇ, ಆದರೆ ಕಲಿಸಿದ ಪುಣ್ಯಾತ್ಮ ಅವನು. ಬೆಳಿಗ್ಗೆಯಿಂದ ‘ಮನೆ’ಯನ್ನು ‘ಮನಿ’ ಎಂದಳೆಂದು, ‘ಸಂತೆ’ಯನ್ನು ‘ಸಂತಿ’ ಎಂದಳೆಂದು ತಡೆತಡೆದು ತಿದ್ದಿದ್ದ. ಹೆದರಿದ ನಾಲಿಗೆ ಈಗ ಸಿಕ್ಕಸಿಕ್ಕ ಪದದ ಬಾಲಕ್ಕೆಲ್ಲ ‘ಎ’ ಅಂಟಿಸುತ್ತಿತ್ತು. ನದಿ ಕೂಡ ನದೆಯಾಗಿ ಹೋಗಿತ್ತು.

ವಿರೂಪಣ್ಣನ ಕೈಕೆಳಗೆ, ಶಾಲೆಗಳಿಗೆ ಕಳಿಸುವ ಧ್ವನಿಪಾಠಗಳನ್ನು ಓದುವ ಕೆಲಸ. ಗಬ್ಬೂರಿನಿಂದ ಮೊದಲ ಬಸ್ಸು ಹಿಡಿದು ರಾಯಚೂರಿಗೆ ಬಂದವಳಿಗೆ ಅದು ಬೇಕೇ ಬೇಕಿತ್ತು. ಊರಲ್ಲಿ ಏನು ಓದಿ ಹೇಳಬೇಕಾದರೂ ಜನ ಅವಳನ್ನೇ ಕರೆಯುತ್ತಿದ್ದರು, ದನಿ ಅಂಥದು.

“ಇದೇ ಕೊನೆ. ಇದನ್ನಾದರೂ ಸರಿಯಾಗಿ ಓದು,” ಎಂದ ವಿರೂಪಣ್ಣ. ಅವನ ಪಕ್ಕದಲ್ಲಿ ಕೂತು ರೆಕಾರ್ಡಿಂಗ್ ನೋಡಿಕೊಳ್ಳುವ ಯಾಸ್ಮೀನ್ ಗುಂಡಿ ಒತ್ತಿದಳು.

ಪಾಠದ ಹೆಸರು ‘ಹಕಾರು’. ನಮ್ಮ ವರ್ಣಮಾಲೆಯ ಹಕಾರವಲ್ಲ. ಪೆರು ದೇಶದ ಬೆಟ್ಟದ ಜನರ ಭಾಷೆ. ಆಡುವವರು ಕೆಲವೇ ನೂರು ಮಂದಿ. ಗಂಟಲಲ್ಲಿ ಉಸಿರು ಬಿಗಿಹಿಡಿದು ಸಿಡಿಸುವ ವ್ಯಂಜನಗಳು ಅದರಲ್ಲಿ ಬೇಕಾದಷ್ಟಿವೆ. ಸ್ವರ ಮಾತ್ರ ಮೂರೇ: ಅ, ಇ, ಉ. ‘ಎ’ ಇಲ್ಲವೇ ಇಲ್ಲ. ಅನುರಾಧಾ ಎಚ್ಚರದಿಂದ ಓದುತ್ತ ಹೋದಳು: “ಪೇಟೆಗಿಳಿದ ಬೆಟ್ಟದವರು ಸ್ಪ್ಯಾನಿಷ್ ಆಡುವಾಗ ‘ಎ’ ಬರಬೇಕಾದಲ್ಲಿ ‘ಇ’ ಅನ್ನುತ್ತಾರೆ. ಪೇಟೆಯವರು ನಗುತ್ತಾರೆ. ಆ ನಗೆಗೆ ಅಂಜಿದ ತಾಯಂದಿರು ಮಕ್ಕಳಿಗೆ ತಮ್ಮ ಮಾತು ಕಲಿಸುವುದನ್ನೇ...”

ಅಲ್ಲಿಗೆ ನಿಂತಳು. ಸಿಟ್ಟು ನೆತ್ತಿಗೇರಿತು.

“ಸರ್, ಈ ಪಾಠ ನೀವು ಓದೀರೇನ್ರಿ?”

“ಓದೋಳು ನೀನು. ನಾನ್ಯಾಕೆ ಓದಲಿ?”

“ಹಂಗಾದ್ರ ಕೇಳ್ರಿ,” ಎಂದವಳೇ ಮೊದಲಿನಿಂದ ಶುರು ಮಾಡಿದಳು. “ಇದು ಒಂದು ಭಾಷಿ ಕಥಿ...” ಒಂದು ಕಡೆಯೂ ತೊದಲಲಿಲ್ಲ. ಮನಿ ಮನಿಯಾಗಿಯೇ ಬಂತು, ನದಿಯೂ ಮರಳಿ ನದಿಯಾಯಿತು.

ವಿರೂಪಣ್ಣ ಬಾಗಿಲು ದೂಡಿಕೊಂಡು ಒಳಗೆ ನುಗ್ಗಿದ. “ಬಂದ್ ಮಾಡಬೇ! ಶಾಲಿ ಮಕ್ಕಳು ಕೇಳ್ತಾರ ಇದನ್ನ! ಹಿಂಗ ಓದಿದ್ರ ಮಂದಿ ನಗಂಗಿಲ್ಲೇನು?”

“ನಗಲಿ ಬಿಡ್ರಿ. ನಗ್ತಾರಂತ ನಾ ನಾಲಿಗಿ ಬದಲಿಸಂಗಿಲ್ಲ.” ಕೆಲಸ ಕೈತಪ್ಪಿತೆಂದು ಅವಳಿಗೆ ಗೊತ್ತಿತ್ತು. ಆದರೂ ಕುರ್ಚಿ ಬಿಟ್ಟು ಏಳಲಿಲ್ಲ.

“ಯಾಸ್ಮೀನ್, ಅಳಿಸವ್ವಾ ಅದನ್ನ!” ಎಂದು ಅವನು ಅಲ್ಲಿಂದಲೇ ಕೂಗಿದ.

ರೆಕಾರ್ಡಿಂಗ್ ಇನ್ನೂ ನಡೆದೇ ಇತ್ತು. ಯಾಸ್ಮೀನ್ ಹೆಡ್‌ಫೋನ್ ಸರಿಸಿ ಕೇಳಿದಳು: “ಯಾವುದು ಅಳಿಸ್ಲಿ ಸರ್, ಅವರು ಓದಿದ್ದಾ, ನೀವು ಬೈದಿದ್ದಾ? ಕಿವಿಗೆ ಎರಡೂ ಒಂದೇ ಕೇಳಾಕತ್ತಾವು.”