ಎರಡನೇ ಪಿಟೀಲು

ಹುಣಸೂರಿನ ಕಾಲೇಜು ಸಭಾಂಗಣದಲ್ಲಿ ಕೊನೆಯ ಕೃತಿ ಅರ್ಧಕ್ಕೆ ಬಂದಿದ್ದಾಗ ನಂಜುಂಡೇಶರ ಎಡಗೈ ಬೆರಳುಗಳು ತಂತಿಯ ಮೇಲೆ ಮರಗಟ್ಟಿ ನಿಂತವು. ಪಕ್ಕದ ಕುರ್ಚಿಯಲ್ಲಿದ್ದ ಪುಷ್ಪಾಳಿಗೆ ಅದು ಕಾಣುವ ಮೊದಲೇ ಕೇಳಿಸಿತು. ಮೊದಲ ಪಿಟೀಲು ಒಂದು ಸ್ವರದ ತುದಿಯಲ್ಲಿ ತೆಳ್ಳಗಾಗಿ ಇಲ್ಲವಾಗುತ್ತಿತ್ತು.

ಎರಡು ಪಿಟೀಲು, ಒಂದು ವಿಯೋಲಾ, ಒಂದು ಚೆಲ್ಲೊ. ಪಾಶ್ಚಾತ್ಯ ಶಾಸ್ತ್ರೀಯ ಸಂಗೀತ ನುಡಿಸುವ ಮೈಸೂರಿನ ಆ ನಾಲ್ವರ ತಂಡದಲ್ಲಿ ಪುಷ್ಪಾ ಇಪ್ಪತ್ತೆರಡು ವರ್ಷದಿಂದ ಎರಡನೇ ಪಿಟೀಲು. ಹಾಡು ನಂಜುಂಡೇಶರದು, ಅದಕ್ಕೆ ಕೆಳಗಿನಿಂದ ಒತ್ತು ಕೊಡುವುದು ಅವಳದು. ಅವರ ಪಾಲಿನ ಸ್ವರಗಳನ್ನು ಅವಳು ಯಾವತ್ತೂ ನುಡಿಸಿದವಳಲ್ಲ. ಆದರೆ ಕೇಳಿ ಕೇಳಿ ಬಾಯಿಪಾಠವಾಗಿತ್ತು.

ಯೋಚಿಸಲು ಹೊತ್ತಿರಲಿಲ್ಲ. ತನ್ನ ಪಾಲಿನದನ್ನು ಅಲ್ಲೇ ಬಿಟ್ಟು, ತನ್ನ ಪಿಟೀಲಿನಲ್ಲೇ ಅವರ ಪಾಲಿನದನ್ನು ನುಡಿಸತೊಡಗಿದಳು. ನಂಜುಂಡೇಶರ ಕಮಾನು ತಂತಿಗೆ ತಾಗದೆ ಗಾಳಿಯಲ್ಲೇ ಓಡಾಡುತ್ತಿತ್ತು. ವಿಯೋಲಾದ ಮಹೇಂದ್ರ ಒಮ್ಮೆ ತಲೆಯೆತ್ತಿ ನೋಡಿ, ಮತ್ತೆ ಸ್ವರಲಿಪಿಯ ಹಾಳೆಗೆ ಕಣ್ಣಿಟ್ಟ. ಐದು ನಿಮಿಷ. ಮುಗಿದಾಗ ನಂಜುಂಡೇಶ್ ಎದ್ದು ಬಾಗಿದರು. ಜನ ಅವರಿಗೇ ಇನ್ನೊಂದು ಸುತ್ತು ಚಪ್ಪಾಳೆ ತಟ್ಟಿದರು.

ವೇದಿಕೆಯ ಹಿಂದಿನ ಕೋಣೆಯಲ್ಲಿ ಅವರು ಟೀ ಲೋಟವನ್ನು ಬಲಗೈಯಲ್ಲಿ ಹಿಡಿದು ಕೂತಿದ್ದರು. ಎಡಗೈ ತೊಡೆಯ ಮೇಲೆ ಬಿದ್ದುಕೊಂಡಿತ್ತು.

"ಮೂರು ತಿಂಗಳಿಂದ ಹೀಗೆ," ಎಂದರು. "ಯಾರಿಗಾದ್ರೂ ಗೊತ್ತಾಯ್ತಾ ಪುಷ್ಪಾ?"

"ಇಲ್ಲ ಸರ್."

"ನೀನೂ ಹೇಳ್ಬೇಡ. ಮುಂದಿನ ತಿಂಗಳು ಮುಂಬೈ ಕಚೇರಿಯೊಂದು ಮುಗೀಲಿ."

ಪುಷ್ಪಾ ಕಮಾನಿನ ಕೂದಲು ಸಡಿಲಿಸುತ್ತಾ ತಲೆಯಾಡಿಸಿದಳು. ಇವತ್ತಿನ ಚಪ್ಪಾಳೆಯಲ್ಲಿ ತನ್ನದೆಷ್ಟು ಎಂದು ಕೇಳಬೇಕೆನಿಸಿತು.

ಅಷ್ಟರಲ್ಲಿ ಬಾಗಿಲು ತಳ್ಳಿಕೊಂಡು ಅವಳ ಅವ್ವ ಶಿವರುದ್ರಮ್ಮ ಬಂದರು. ಸಾಲಿಗ್ರಾಮದಿಂದ ಬಸ್ಸು ಹಿಡಿದು ಬಂದು ಮೊದಲ ಸಾಲಿನಲ್ಲಿ ಕೂತಿದ್ದವರು. "ಬಲು ಚೆಂದಾಗಿ ನುಡಿಸಿದ್ರಿ ಸ್ವಾಮಿ," ಎಂದು ನಂಜುಂಡೇಶರಿಗೆ ಕೈಮುಗಿದು ಮಗಳತ್ತ ತಿರುಗಿದರು.

"ಅಲ್ಲ ಕಣವ್ವ, ಕೊನೇಲಿ ನಿನ್ನ ಪಿಟೀಲು ಯಾಕೆ ನಿಂತೋಯ್ತು?"

ಪುಷ್ಪಾಳ ಕೈ ತಡೆಯಿತು. "ನಿಂತಿಲ್ವಲ್ಲವ್ವ. ನುಡಿಸ್ತಾನೇ ಇದ್ದೆ."

"ನೀನೇನೋ ಎಳೀತಿದ್ದೆ. ನಿಂದು ಮಾತ್ರ ಕೇಳ್ನಿಲ್ಲ. ಇಡೀ ಬ್ಯಾಸ್ಗೆ ನಮ್ಮನೆ ಪಡಸಾಲೇಲಿ ಕೂತು ಕುಯ್ದಿದ್ದನ್ನ ಒಲೆ ಮುಂದೆ ಕೂತು ಕೇಳಿಲ್ವಾ ನಾನು? ನಂಗೆ ಗೊತ್ತಾಗಾಕಿಲ್ವಾ?"

"ಮರೆತೋಯ್ತು ಕಣವ್ವ. ಬುಡು."

"ಮರೆತೋಯ್ತಾ! ಇಂಥ ದೊಡ್ಡೋರ ಪಕ್ಕ ಕೂತ್ಕಂಡು ಮರೆಯೋದಾ?" ಶಿವರುದ್ರಮ್ಮ ನಂಜುಂಡೇಶರತ್ತ ಮತ್ತೆ ಕೈಮುಗಿದರು. "ತಪ್ಪು ತಿಳ್ಕೋಬ್ಯಾಡಿ ಸ್ವಾಮಿ. ಇನ್ನೊಂದ್ಸಲ ಇಂಗಾಗಾಕಿಲ್ಲ."

ಪುಷ್ಪಾ ಪಿಟೀಲನ್ನು ಪೆಟ್ಟಿಗೆಯಲ್ಲಿ ಮಲಗಿಸಿದಳು.

ನಂಜುಂಡೇಶ್ ಲೋಟ ಕೆಳಗಿಟ್ಟರು. ಬಲಗೈಯಿಂದ ಎಡಗೈಯನ್ನು ಎತ್ತಿ, ಶಿವರುದ್ರಮ್ಮನ ಮುಂದೆ ಮೇಜಿನ ಮೇಲಿಟ್ಟರು.

"ನಿಂತೋಗಿದ್ದು ಇದು, ತಾಯಿ."