ಒತ್ತಡದ ಮುಳ್ಳು

ಮುಳ್ಳು ಮತ್ತೆ ಇಳಿದಿತ್ತು. ಗ್ಯಾರೇಜಿನ ಬಾಯ್ಲರ್ ಎದುರು ನಿಂತು ಗಿರಿಧರ್ ಹಲ್ಲು ಕಡಿದ. ನಿನ್ನೆ ತಾನೇ ನೀರು ತುಂಬಿ ಒತ್ತಡ ಏರಿಸಿದ್ದ. ಈಗ ನೋಡಿದರೆ ಅರ್ಧಕ್ಕರ್ಧ ಇಲ್ಲ.

ಅಮೆರಿಕದ ರಾಂಚೊ ಬರ್ನಾರ್ಡೊದ ಆ ಹಳೇ ಮನೆಯನ್ನು ಬೆಚ್ಚಗಿಡುವುದು ಬಿಸಿನೀರು ಹರಿಯುವ ರೇಡಿಯೇಟರುಗಳು. ಒಂದೊಂದರ ಕೆಳಗೂ ಟಾರ್ಚ್ ಬಿಟ್ಟು ನೋಡಿದ. ನೆಲದ ಮೇಲೆ ಹನಿ ನೀರಿಲ್ಲ. ಸೋರಿಕೆ ಇಲ್ಲವೆಂದ ಮೇಲೆ ಯಾರೋ ನೀರು ಬಿಡುತ್ತಿದ್ದಾರೆ. ಯಾರೆಂದು ತಿಳಿಯಲು ಎಂಜಿನಿಯರಿಂಗ್ ಓದಬೇಕಿರಲಿಲ್ಲ.

ಮಾವ ಈರಯ್ಯ ಬಂದು ಎರಡು ತಿಂಗಳಾಗಿತ್ತು. ಸಕ್ಕರೆ ಕಾರ್ಖಾನೆಯಲ್ಲಿ ಮೂವತ್ತು ವರ್ಷ ಪೈಪು ತಿರುಪಿದವನು. ಹೆಗಲಲ್ಲಿ ಸದಾ ಒದ್ದೆ ಟವೆಲ್, ಕಾಲಲ್ಲಿ ನೀಲಿ ಹವಾಯಿ ಚಪ್ಪಲಿ. ಆಫೀಸಿನ ವಿಡಿಯೊ ಕಾಲ್ ನಡೆಯುವಾಗ ಮುದುಕ ಹಿಂದೆ ಹಾದುಹೋದರೆ ಗಿರಿಧರನಿಗೆ ಮೈಯೆಲ್ಲ ಹೇಸಿಗೆ.

ಶನಿವಾರ ಮುದುಕ ಸಿಕ್ಕಿಬಿದ್ದ. ಹಾಲ್‌ನ ರೇಡಿಯೇಟರ್ ಪಕ್ಕ ಕುಕ್ಕರುಗಾಲಲ್ಲಿ ಕೂತಿದ್ದ, ಕೈಯಲ್ಲಿ ಸ್ಪ್ಯಾನರ್.

“ಮಾವ, ನೀರು ಬಿಡ್ತಿರೋರು ನೀವೇನಾ?”

ಮುದುಕ ಹೆಗಲ ಮೇಲಿನ ಟವೆಲ್ ಮುಟ್ಟಿಕೊಂಡ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ!

“ಒಂದ್ ಹತ್ತ್ ಮಿನಿಟ್ ಬಾಯ್ಲರ್ ಬಂದ್ ಮಾಡ್ತೀರೇನ್ರಿ, ಅಳಿಯಂದ್ರ?”

“ಇದು ನಿಮ್ಮ ಫ್ಯಾಕ್ಟರಿ ಅಲ್ಲ. ನಾಳೆ ಡೈಮಂಡ್ ಬಾರ್ ಊರಿಗೆ ಬಿಡ್ತೀನಿ, ದೊಡ್ಡ ಮಗಳ ಮನೇಲೇ ಇರಿ.”

ಹೆಂಡತಿ ಶೀತಲ್ ಅತ್ತಳು, ಅಪ್ಪ ಇಲ್ಲೇ ಇರಲಿ ಎಂದು ಬೇಡಿದಳು.

“ಅವರು ಹೋದ್ಮೇಲೂ ಮುಳ್ಳು ಇಳಿದ್ರೆ ನಾನೇ ಹೋಗಿ ಕರ್ಕೊಂಡು ಬರ್ತೀನಿ. ಇಳೀದಿದ್ರೆ ಅವರು ಮತ್ತೆ ಈ ಮನೆ ಹೊಸ್ತಿಲು ತುಳಿಯೋ ಹಾಗಿಲ್ಲ,” ಎಂದ ಗಿರಿಧರ್. ಈರಯ್ಯ ಕೇಳಿಸಿಕೊಂಡ.

ಭಾನುವಾರ ಬೆಳಿಗ್ಗೆ ಮನೆ ತಣ್ಣಗಿತ್ತು. ಮುದುಕ ಬಾಯ್ಲರನ್ನು ಆರಿಸಿಬಿಟ್ಟಿದ್ದ. ಹೋಗುವಾಗಲೂ ಚೇಷ್ಟೆ! ಗಿರಿಧರ್ ಬೈಯುತ್ತಲೇ ನೀರು ತುಂಬಿ ಮತ್ತೆ ಹಚ್ಚಿದ. ಒಳಗೆ ಮುದುಕ ಮಗಳಿಗೆ ಕತ್ತರಿ ಹಿಂದಿರುಗಿಸುತ್ತಿದ್ದ. ಆಮೇಲೆ ಬರಿಗಾಲಲ್ಲೇ ಕಾರು ಹತ್ತಿದ.

“ಅಪ್ಪಾ, ಚಪ್ಪಲಿ?”

“ಇರ್ಲಿ ಬಿಡವ್ವ. ಇಲ್ಲೇ ಬೇಕಾಗ್ತಾವು.”

ಹುಟ್ಟುಗುಣ ಸುಟ್ಟರೂ ಹೋಗದು ಎಂದುಕೊಂಡ ಗಿರಿಧರ್.

ವಾರ ಕಳೆಯಿತು. ಮುಳ್ಳು ಕೂದಲೆಳೆಯಷ್ಟೂ ಅಲುಗಲಿಲ್ಲ. ಗಿರಿಧರ್ ಅದರ ಫೋಟೊ ತೆಗೆದು ಶೀತಲ್ ಮುಖಕ್ಕೆ ಹಿಡಿದ. “ಕಂಡ್ಯಾ?”

ಗೆದ್ದ ಹುರುಪಿನಲ್ಲಿ ಮುದುಕನ ಸಾಮಾನು ಕಸಕ್ಕೆ ಹಾಕಲು ಹೊರಟ. ಟವೆಲ್ ಹಾಲ್‌ನ ರೇಡಿಯೇಟರ್ ಕೆಳಗೆ ಮಡಚಿಟ್ಟಿತ್ತು. ಮೊದಲ ಸಲ ಅದು ಒಣಗಿತ್ತು. ಪಕ್ಕದಲ್ಲೇ ಚಪ್ಪಲಿ. ಬಲಗಾಲಿನದರ ಹಿಮ್ಮಡಿಯಲ್ಲಿ ದುಂಡಗೆ ಕತ್ತರಿಸಿದ ತೂತು.

ಬಗ್ಗಿ ನೋಡಿದ. ರೇಡಿಯೇಟರಿನ ಪೈಪು ಸೇರುವಲ್ಲಿ, ನಟ್ಟಿನಡಿಯಿಂದ, ನೀಲಿ ರಬ್ಬರಿನ ಅಂಚು ಇಣುಕುತ್ತಿತ್ತು.